ಎರಡು ಕನ್ನಡಿ, ಒಂದು ಬಿಸಿಲುಕೋಲು

ನಮ್ಮ ಉಜಿರೆ ಕಡೆಯ ಹಳೆಯ ಹೆಂಚಿನ ಮನೆಗಳಲ್ಲಿ ಮಾಡಿನ ನಡುವೆ ಒಂದೆರಡು ಗಾಜಿನ ಹೆಂಚು ಇರುತ್ತವೆ. ಒಲೆ ಹೊಗೆಯಾಡುವಾಗ ಅಲ್ಲಿಂದ ಬಿಸಿಲುಕೋಲು ಓರೆಯಾಗಿ ಇಳಿಯುವುದನ್ನು ನೀವು ನೋಡಿರಬಹುದು. ಅಂಥದೇ ಬಿಸಿಲುಕೋಲನ್ನು ಸ್ಟುಡಿಯೋದೊಳಗೆ ಇಳಿಸಿದವರು ಛಾಯಾಗ್ರಾಹಕ ವಿ.ಕೆ. ಮೂರ್ತಿ.

1923ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಮೂರ್ತಿ, 1946ರಲ್ಲಿ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಿಂದ ಛಾಯಾಗ್ರಹಣದ ಡಿಪ್ಲೊಮಾ ಪಡೆದು ಮುಂಬಯಿ ಸೇರಿದರು. ಗುರುದತ್ ತಯಾರಿಸಿದ ‘ಪ್ಯಾಸಾ’ (1957), ‘ಕಾಗಜ್ ಕೆ ಫೂಲ್’ (1959), ‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಚಿತ್ರಗಳಿಗೆ ಕ್ಯಾಮೆರಾ ಹಿಡಿದರು. ಎಲ್ಲವೂ ಕಪ್ಪು-ಬಿಳುಪು. ಮುಖದ ಅರ್ಧಕ್ಕೆ ಬೆಳಕು, ಅರ್ಧಕ್ಕೆ ನೆರಳು. ಪಾತ್ರದ ದುಃಖವನ್ನು ಆ ನೆರಳೇ ಹೇಳುತ್ತದೆ.

ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರವಾದ ‘ಕಾಗಜ್ ಕೆ ಫೂಲ್’ನ ಒಂದು ಹಾಡಿನಲ್ಲಿ, ಕತ್ತಲು ತುಂಬಿದ ಸ್ಟುಡಿಯೋದೊಳಗೆ ಮೇಲಿನಿಂದ ದಪ್ಪನೆಯ ಬೆಳಕಿನ ಕಂಬವೊಂದು ಇಳಿಯುತ್ತದೆ. ಅದಕ್ಕೆ ಮೂರ್ತಿ ಬಳಸಿದ್ದು ಎರಡು ದೊಡ್ಡ ಕನ್ನಡಿ: ಒಂದು ಹೊರಗೆ ಬಿಸಿಲಿನಲ್ಲಿ, ಇನ್ನೊಂದು ಒಳಗೆ ಎತ್ತರದಲ್ಲಿ.

ದೀಪ ಸಾಲದೇ? ದೀಪದ ಕಿರಣಗಳು ಹೋಗುತ್ತಾ ಹರಡಿಕೊಳ್ಳುತ್ತವೆ. ಸೂರ್ಯ ಸುಮಾರು 15 ಕೋಟಿ ಕಿ.ಮೀ. ದೂರದಲ್ಲಿರುವುದರಿಂದ ಅವನ ಕಿರಣಗಳು ಬಹುಮಟ್ಟಿಗೆ ಸಮಾಂತರ. ಆದ್ದರಿಂದಲೇ ಕಂಬದ ಅಂಚು ಚೊಕ್ಕಟವಾಗಿ ನಿಲ್ಲುತ್ತದೆ. ಗಾಳಿಯಲ್ಲಿ ಧೂಳೋ ಹೊಗೆಯೋ ಇದ್ದು ಬೆಳಕನ್ನು ಚದುರಿಸಿದರೆ ಮಾತ್ರ ಅದು ನಮ್ಮ ಕಣ್ಣಿಗೆ ಕಾಣುತ್ತದೆ.

ಆ ಚಿತ್ರಕ್ಕೂ ‘ಸಾಹಿಬ್ ಬೀಬಿ’ಗೂ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯೂ ಅವರಿಗೇ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಈ ಗೌರವ ದೊರೆತದ್ದು ಅದೇ ಮೊದಲು. 2014ರಲ್ಲಿ ಅವರು ಬೆಂಗಳೂರಿನಲ್ಲಿ ತೀರಿಕೊಂಡರು.

ಹೆತ್ತವರಲ್ಲಿ ಒಂದು ಮಾತು. ಹತ್ತನೆಯ ತರಗತಿಯ ಫಲಿತಾಂಶ ಬಂದೊಡನೆ, ವಿಜ್ಞಾನ ಓದುವುದೆಂದರೆ ಡಾಕ್ಟರ್ ಅಥವಾ ಇಂಜಿನಿಯರ್ ಆಗುವುದೆಂದು ನಾವು ತೀರ್ಮಾನಿಸಿಬಿಡುತ್ತೇವೆ. ಬೆಳಕಿನ ಪಾಠವನ್ನು ಕಣ್ಣರಳಿಸಿ ಕೇಳುವ ಮಗುವಿಗೆ ಪಾಲಿಟೆಕ್ನಿಕ್ಕಿನ ಡಿಪ್ಲೊಮಾವೂ ದಾರಿಯಾದೀತು. ಮೂರ್ತಿಯವರ ಕೈಯಲ್ಲಿದ್ದುದು ಅದೇ.

ಮಕ್ಕಳೇ, ರಜೆಯಲ್ಲಿ ಇದನ್ನು ಮಾಡಿ ನೋಡಿ. ಅಂಗಳದಲ್ಲಿ ಒಂದು ಕನ್ನಡಿ ಇಟ್ಟು, ಬಿಸಿಲನ್ನು ಕತ್ತಲ ಕೋಣೆಯ ಇನ್ನೊಂದು ಕನ್ನಡಿಗೆ ಹಾಯಿಸಿ, ಊದುಬತ್ತಿ ಹಚ್ಚಿ. ಯಾರ ಕಣ್ಣಿಗೂ ಬೆಳಕು ಬೀಳಿಸಬೇಡಿ. ಸೂರ್ಯ ನಾಲ್ಕು ನಿಮಿಷಕ್ಕೆ ಸುಮಾರು ಒಂದು ಡಿಗ್ರಿ ಸರಿಯುತ್ತಾನೆ, ಜೊತೆಗೆ ಬೆಳಕೂ ಸರಿಯುತ್ತದೆ. ಅದನ್ನು ಮೊದಲಿನ ಜಾಗಕ್ಕೆ ತರಲು ಅಂಗಳದ ಕನ್ನಡಿಯನ್ನು ಅರ್ಧ ಡಿಗ್ರಿಯಷ್ಟು ತಿರುಗಿಸಿದರೆ ಸಾಕು. ಅರ್ಧವೇ ಏಕೆ? ಪ್ರತಿಫಲನದ ನಿಯಮವನ್ನು ನೆನೆದು ಉತ್ತರ ಕಂಡುಕೊಳ್ಳಿ.