ಬಿಲ್ಲು ಯಾರದು, ಬೆವರು ಯಾರದು?

ಗೆಳೆಯರೇ, ತಿಪಟೂರು ಮಂಡಿಯಲ್ಲಿ ಕೊಬ್ಬರಿ ಮಾರಿದವನ ಕೈಗೆ ತೂಕದ ಚೀಟಿ ಸಿಗುತ್ತೆ. ಹಾಲ್ಕುರಿಕೆ ಕಡೆ ಸರ್ಕಾರಿ ಚರಂಡಿ ಕಟ್ಟುವ ಸಬ್ ಕಾಂಟ್ರಾಕ್ಟ್ ಮೇಸ್ತ್ರಿಗೆ ಸಿಗೋದು ‘ಬಿಲ್ಲಾಗಲಿ, ನೋಡೋಣ’ ಅನ್ನೋ ಮಾತು. ಇಲಾಖೆಯ ಅಳತೆ ಪುಸ್ತಕದಲ್ಲಿ ಅವನ ಹೆಸರೇ ಇಲ್ಲ.

ಕಾಮಗಾರಿ ಗುತ್ತಿಗೆಯಲ್ಲಿ ಪರಿಶಿಷ್ಟ ಜಾತಿಗೆ ಶೇ. 17.15, ಪಂಗಡಕ್ಕೆ ಶೇ. 6.95 ಮೀಸಲಾತಿ ಬಂತು. 2023ರಲ್ಲಿ ಅದರ ಮಿತಿ 50 ಲಕ್ಷದಿಂದ 1 ಕೋಟಿಗೇರಿತು. ಒಳ್ಳೇದೇ. ಆದರೆ ಅದು ಟೆಂಡರ್ ಹಾಕುವವನಿಗೆ. ಟೆಂಡರಿನ ಕೆಳಗೆ ಕಲ್ಲು ಹೊರುವವನಿಗೇನು?

2022ರ ಏಪ್ರಿಲಿನಲ್ಲಿ ಬೆಳಗಾವಿಯ ಗುತ್ತಿಗೆದಾರ ಸಂತೋಷ್ ಪಾಟೀಲ್ ಉಡುಪಿಯಲ್ಲಿ ಜೀವ ಬಿಟ್ಟರು. ಹಿಂಡಲಗಾದಲ್ಲಿ ಅವರು ಮಾಡಿಸಿದ್ದು 4 ಕೋಟಿ ರೂಪಾಯಿ ಕೆಲಸ. ಕಾರ್ಯಾದೇಶವೇ ಇಲ್ಲ ಎಂದರು ಆಗಿನ ಮಂತ್ರಿ. ಕಾಗದವಿಲ್ಲದಾಗ ದೊಡ್ಡ ಗುತ್ತಿಗೆದಾರನದೇ ಈ ಗತಿಯಾದರೆ, ಕೂಲಿಯಾಳು ಕರೆತಂದ ಮೇಸ್ತ್ರಿಯ ಪಾಡೇನು?

ಹಾಸ್ಟೆಲಿನಲ್ಲಿ ಓದಿದ ನಾವು ಊರಿಗೆ ಹೋದಾಗ ಕರಾರು ಬರೆದುಕೊಡೋಣ: ದರ, ಅಳತೆ, ಹಣ ಕೊಡುವ ದಿನ, ಎರಡೂ ಕಡೆಯ ಸಹಿ. ಕೆಳಗಿನವರ ಬಾಕಿ ತೀರಿಸಿದ ರಸೀದಿ ತೋರಿಸದವನಿಗೆ ಕೊನೇ ಬಿಲ್ಲು ಕೊಡಬಾರದು. ಇದನ್ನು ಇಲಾಖೆ ಮುಂದೆ ನಿಂತು ಕೇಳೋಣ.