ಅದು ಎಲೆಯಲ್ಲ ಗುರೂ

2009ರ ‘ಅವತಾರ್’ ನೋಡಿ ‘ಏನ್ ಕಲ್ಪನೆ ಗುರೂ!’ ಅನ್ನೋರ ಜೊತೆ ನನ್ನದೊಂದು ಹಳೇ ಜಗಳವಿದೆ. ಪಂಡೋರಾ ಕಾಡಲ್ಲಿ ಜೇಕ್ ಮುಟ್ಟಿದ ತಕ್ಷಣ ಸುರ್ರನೆ ಮುದುಡಿ ಕೆಳಗಿಳಿಯುತ್ತಲ್ಲ, ಆಳೆತ್ತರದ ಸುರುಳಿ ಎಲೆ? ಅಂಥದ್ದು ನಮ್ಮ ಭೂಮಿಯ ಸಮುದ್ರದಲ್ಲೇ ಇದೆ. ಎಲೆಯಲ್ಲ, ಹುಳ. ಕ್ರಿಸ್ಮಸ್ ಟ್ರೀ ವರ್ಮ್ ಅಂತಾರೆ. ಹವಳದೊಳಗೆ ಕೊಳವೆ ಮಾಡಿಕೊಂಡು ಕೂತಿರುತ್ತೆ. ಹೊರಗೆ ಕಾಣುವ ಜೋಡಿ ಸುರುಳಿಯಿಂದಲೇ ಉಸಿರಾಟ, ಊಟ ಎರಡೂ. ನೆರಳು ಬಿದ್ದರೆ ಸಾಕು, ಸರಕ್ಕನೆ ಒಳಗೆ. ಕ್ಯಾಮರೂನ್‌ಗೆ ಸಮುದ್ರದ ಹುಚ್ಚು. 2012ರಲ್ಲಿ ಮರಿಯಾನಾ ಕಂದಕದ ತಳಕ್ಕೆ ಒಬ್ಬರೇ ಇಳಿದು ಬಂದವರು. ಅವರ ಕಲ್ಪನೆ ದೊಡ್ಡದೇ, ಆದರೆ ಬಂಡವಾಳ ಭೂಮಿಯದು.

ಆ ಕಾಡು ಇರುಳಲ್ಲಿ ಹೊಳೆಯೋದೂ ಅಷ್ಟೇ, ಪೂರ್ತಿ ಕಟ್ಟುಕಥೆಯಲ್ಲ. ನಮ್ಮ ಮಲೆನಾಡಲ್ಲಿ ಮುಂಗಾರಿಗೆ ಮುಂಚೆ ಮಿಂಚುಹುಳುಗಳು ಮಿಣುಕೋದು ಸಂಗಾತಿಯನ್ನು ಕರೆಯೋಕೆ. ಪಂಡೋರಾದ ಮರ ಉರುಳಿದ್ದಕ್ಕೆ ತ್ರೀಡಿ ಕನ್ನಡಕದೊಳಗೇ ಕಣ್ಣೀರಿಟ್ಟ ನನ್ನ ಗೆಳೆಯರು, ಅಲ್ಲಿನ ಹೋಂಸ್ಟೇಯಲ್ಲಿ ಅಂಗಳದ ಫ್ಲಡ್‌ಲೈಟ್ ಆರಿಸೋಕೆ ಬಿಡಲಿಲ್ಲ. ಅಷ್ಟು ಬೆಳಕಲ್ಲಿ ಹುಳ ಕರೆದರೆ ಯಾರಿಗೆ ಕಾಣಬೇಕು? ‘ಕತ್ತಲಲ್ಲಿ ನೋಡೋಕೆ ಏನಿದೆ ಮಗಾ?’ ಅಂದರು. ಆಮೇಲೆ ಅದೇ ಲೈಟಿನಡಿ ಕೂತು ರಾತ್ರಿಯಿಡೀ ಪಂಡೋರಾ ಬಗ್ಗೆ ಮಾತಾಡಿದರು.