ಬೀಗವುಳ್ಳ ಮನೆಗಳು, ಓಣಿಗೊಂದೇ ಬಾವಿ

ಪತ್ರ, ಪಂಚಾಂಗ, ಬ್ಯಾಂಕಿನ ಪುಸ್ತಕ ಇವೆಲ್ಲವೂ ಇಂದು ಮೊಬೈಲ್ ಫೋನಿನೊಳಗೆ ಸೇರಿಕೊಂಡಿವೆ. ಜಹೀರಾಬಾದಿನ ವ್ಯಾಪಾರಿಯು ಬೀದರಿನ ಬೀಗರಿಗೆ ಕನ್ನಡದಲ್ಲಿ ಬರೆಯುತ್ತಾನೆ. ಅದೇ ಫೋನಿನಲ್ಲಿ ಕಚೇರಿಯ ತೆಲುಗು ಸೂಚನೆಯನ್ನು ಓದುತ್ತಾನೆ. ನಾರಾಯಣಖೇಡ, ತಾಂಡೂರುಗಳಲ್ಲಿಯೂ ಇದೇ ರೂಢಿ. ಈ ಅಕ್ಷರಗಳನ್ನು ಪರದೆಯ ಮೇಲೆ ಮೂಡಿಸುವ ವ್ಯವಸ್ಥೆಯ ಯೋಗಕ್ಷೇಮವನ್ನು ಮಾತ್ರ ನಾವಾರೂ ವಿಚಾರಿಸುವುದಿಲ್ಲ. ವಿಚಾರಿಸಬೇಕೆಂಬುದು ನನ್ನ ಅಭಿಪ್ರಾಯ.

ಫೋನಿನೊಳಗಿನ ಪ್ರತಿಯೊಂದು ಆ್ಯಪ್ ಬೀಗ ಹಾಕಿದ ಮನೆಯಂತೆ. ಒಂದರ ಕಡತವನ್ನು ಇನ್ನೊಂದು ಇಣುಕಲಾಗದು; ಆಂಡ್ರಾಯ್ಡ್ ವ್ಯವಸ್ಥೆಯು ಪ್ರತಿ ಆ್ಯಪನ್ನೂ ಬೇರೊಬ್ಬ ಬಳಕೆದಾರನೆಂದೇ ಎಣಿಸಿ ದೂರವಿರಿಸುತ್ತದೆ. ಆದರೆ ಅಕ್ಷರ ಜೋಡಿಸುವುದು, ಚಿತ್ರ ಬಿಡಿಸುವುದು ಮುಂತಾದ ಕೆಲಸಗಳಿಗೆ ಎಲ್ಲ ಮನೆಗಳಿಗೂ ಓಣಿಯ ಒಂದೇ ಬಾವಿ. ಇವೇ ಹಂಚಿಕೆಯ ಸಿಸ್ಟಮ್ ಲೈಬ್ರರಿ ಕಡತಗಳು. ಇವುಗಳ ಒಂದೇ ಪ್ರತಿಯನ್ನು ಎಲ್ಲ ಆ್ಯಪ್‌ಗಳೂ ಓದಿ ಬಳಸುತ್ತವೆ; ಬದಲಿಸುವ ಅಧಿಕಾರ ಯಾವ ಆ್ಯಪಿಗೂ ಇಲ್ಲ. ನೀರು ಸೇದಬಹುದು, ಬಾವಿಗೆ ಏನನ್ನೂ ಹಾಕುವಂತಿಲ್ಲ.

ಬಾವಿಯಲ್ಲಿಯೇ ದೋಷವಿದ್ದರೆ? 2018ರ ಫೆಬ್ರವರಿಯಲ್ಲಿ ಅದೂ ನಡೆಯಿತು. ಕಾರಣವಾದುದು ನಮ್ಮ ನೆರೆಯ ತೆಲುಗಿನ ಒಂದು ಒತ್ತಕ್ಷರ. ‘ಜ್ಞಾನ’ ಪದದ ಮೊದಲಕ್ಷರ, ಅದರೊಳಗೆ ಕಣ್ಣಿಗೆ ಕಾಣದ ಒಂದು ಸಂಕೇತ ಸೇರಿದ ರೂಪದಲ್ಲಿ ಬಂದರೆ ಐಫೋನಿನ ಆ್ಯಪ್‌ಗಳು ಕುಸಿದು ಬೀಳುತ್ತಿದ್ದವು. ಸಂದೇಶದ ಆ್ಯಪ್, ವಾಟ್ಸ್‌ಆ್ಯಪ್, ಜಿಮೇಲ್ ಯಾವುದೂ ಪಾರಾಗಲಿಲ್ಲ. ಸೂಚನೆಯ ರೂಪದಲ್ಲಿ ಬಂದರೆ ಫೋನಿನ ಮುಖಪುಟವೇ ಕುಸಿಯುತ್ತಿತ್ತು. ಮನೆಗಳ ಬೀಗಗಳೆಲ್ಲ ಭದ್ರವಾಗಿಯೇ ಇದ್ದವು. ದೋಷವಿದ್ದುದು ಕೋರ್‌ಟೆಕ್ಸ್ಟ್ ಎಂಬ ಹಂಚಿಕೆಯ ಲೈಬ್ರರಿಯಲ್ಲಿ. ಆ್ಯಪಲ್ ಸಂಸ್ಥೆಯು ಅದೇ ತಿಂಗಳ 19ರಂದು ಪರಿಹಾರವನ್ನು ಹೊರತಂದಿತು.

ಪ್ರತಿ ಆ್ಯಪೂ ತನ್ನದೇ ಪ್ರತಿಯನ್ನು ಇಟ್ಟುಕೊಳ್ಳಲಿ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಬಾವಿ ಒಂದೇ ಆಗಿದ್ದುದರಿಂದಲೇ ಒಂದು ದುರಸ್ತಿಯಿಂದ ಎಲ್ಲ ಆ್ಯಪ್‌ಗಳೂ ಸರಿಹೋದವು. ನೂರು ಬಾವಿಗಳಿದ್ದರೆ ನೂರು ಒಡೆಯರ ದಾರಿ ಕಾಯಬೇಕಿತ್ತು. ಅವರಲ್ಲಿ ಎಷ್ಟು ಮಂದಿ ತೆಲುಗು, ಕನ್ನಡಗಳ ಗೊಡವೆಗೆ ಬರುತ್ತಿದ್ದರೋ!

ಆದರೆ ಹಂಚಿಕೆಯ ವಸ್ತುವಿಗೆ ಕಾವಲು ಬೇಕು. ಈ ವಿಷಯದಲ್ಲಿ ಫೈರ್‌ಫಾಕ್ಸ್ ಬ್ರೌಸರಿನ ಅನುಭವವು ವಿಚಾರಾರ್ಹ. ಸಾಮಾನ್ಯ ಏರ್ಪಾಡಿಗೆ ಒಗ್ಗದ ಸಣ್ಣ ಭಾಷೆಗಳ ಲಿಪಿಗಳಿಗಾಗಿ ಎಸ್‌ಐಎಲ್ ಸಂಸ್ಥೆಯು ಗ್ರಾಫೈಟ್ ಎಂಬ ಲೈಬ್ರರಿಯನ್ನು ರೂಪಿಸಿತ್ತು. ಅದರಲ್ಲಿ ಭದ್ರತೆಯ ದೋಷಗಳು ಕಂಡುದರಿಂದ 2016ರ ಮಾರ್ಚಿನಲ್ಲಿ ಫೈರ್‌ಫಾಕ್ಸ್ ಅದನ್ನು ನಿಲ್ಲಿಸಿತು. ಸೆಪ್ಟೆಂಬರಿನಲ್ಲಿ ಮರಳಿ ತಂದಿತು. ಕನ್ನಡಕ್ಕೆ ಗ್ರಾಫೈಟ್ ಅನಿವಾರ್ಯವಲ್ಲ, ನಿಜ. ಆದರೂ ಭದ್ರತೆಯ ಹೆಸರಿನಲ್ಲಿ ಮೊದಲು ಮುಚ್ಚುವುದು ಸಣ್ಣ ಭಾಷೆಯ ಬಾಗಿಲೇ ಎಂಬುದನ್ನು ಗಡಿನಾಡಿನ ಕನ್ನಡಿಗರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಮುಂದೆ ದೊರೆತ ಉಪಾಯ ಮೆಚ್ಚುವಂಥದು. 2021ರ ಡಿಸೆಂಬರಿನಲ್ಲಿ ಬಂದ ಫೈರ್‌ಫಾಕ್ಸ್ 95, ಆರ್‌ಎಲ್‌ಬಾಕ್ಸ್ ಎಂಬ ತಂತ್ರದಿಂದ ಗ್ರಾಫೈಟನ್ನೂ ಕಾಗುಣಿತ ತಿದ್ದುವ ಹನ್‌ಸ್ಪೆಲ್ ಲೈಬ್ರರಿಯನ್ನೂ ಪ್ರತ್ಯೇಕ ಆವರಣಗಳಲ್ಲಿ ಇರಿಸಿತು. ತನಗೆ ಕೊಟ್ಟ ಸ್ಮೃತಿಭಾಗದಿಂದಾಚೆಗೆ ಲೈಬ್ರರಿಯು ಕೈಚಾಚುವಂತಿಲ್ಲ. ಅದು ಹಿಂದಿರುಗಿಸುವ ಉತ್ತರವನ್ನೂ ಪರೀಕ್ಷಿಸಿಯೇ ಸ್ವೀಕರಿಸಬೇಕು. ಅಂದರೆ ಬಾವಿಗೂ ಕಟ್ಟೆ ಕಟ್ಟಿದಂತಾಯಿತು. ಲಿಪಿಯನ್ನು ಕೈಬಿಡದೆ ಭದ್ರತೆಯನ್ನು ಸಾಧಿಸುವ ಇಂತಹ ದಾರಿಯನ್ನೇ ನಾವು ಕೇಳಿ ಪಡೆಯಬೇಕು.

ಹೈದರಾಬಾದು, ಬೆಂಗಳೂರುಗಳಲ್ಲಿ ಕಂಪ್ಯೂಟರ್ ವೃತ್ತಿಯಲ್ಲಿರುವ ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿಗಳಲ್ಲಿ ಒಂದು ವಿಜ್ಞಾಪನೆ. ಆಂಡ್ರಾಯ್ಡ್, ಕ್ರೋಮ್, ಫೈರ್‌ಫಾಕ್ಸ್, ಲಿಬ್ರೆಆಫೀಸ್‌ಗಳಲ್ಲಿ ಅಕ್ಷರ ಜೋಡಿಸುವ ಹಾರ್ಫ್‌ಬಜ್ ಲೈಬ್ರರಿಯು ಮುಕ್ತ ತಂತ್ರಾಂಶ. ಅದರ ದೋಷಗಳನ್ನು ಯಾರು ಬೇಕಾದರೂ ತಿಳಿಸಬಹುದು. ಅರ್ಕಾವತ್ತು, ಒತ್ತಿನ ಮೇಲೆ ಒತ್ತು ಬರುವ ಪದಗಳು, ‘ರ‍್ಯಾಂಕ್’ ಎಂಬಲ್ಲಿಯ ಅದೃಶ್ಯ ಸಂಕೇತ ಇವನ್ನೆಲ್ಲ ಹೊಸ ಫೋನು, ಹೊಸ ಆವೃತ್ತಿ ಬಂದಾಗಲೊಮ್ಮೆ ಪರೀಕ್ಷಿಸಲು ಒಂದು ಪದಪಟ್ಟಿ ಬೇಕು. ಕನ್ನಡ, ತೆಲುಗು, ಉರ್ದು ಮೂರನ್ನೂ ಕೇಳಿ ಬೆಳೆದ ನಮ್ಮ ಮಕ್ಕಳು ಅದನ್ನು ಶಾಲೆಯಲ್ಲಿಯೇ ಸಿದ್ಧಪಡಿಸಬಲ್ಲರು. ಮೊದಲ ಪದವಾಗಿ ಊರಿನ ಹೆಸರನ್ನೇ ಇಡಲಿ: ಉರ್ದುವಿನ ಉಚ್ಚಾರಕ್ಕೆ ಒಪ್ಪುವಂತೆ ಬರೆಯಹೊರಟರೆ ಅಡಿಯಲ್ಲಿ ಚುಕ್ಕೆಗಳಿರುವ ‘ಜ಼’ ಬೇಕಾಗುತ್ತದೆ, ಜ಼ಹೀರಾಬಾದ್.